ಕತ್ತರಿ ರಾಣಿ ಅಳುವುದಿಲ್ಲ

"ಈ ಆಟದೊಳಗಿರೋ ಒಬ್ಬನ ಮಾನ ಕಳೀಬೇಕು. ಆಗುತ್ತಾ, ಆಗಲ್ವಾ? ಒಂದೇ ಮಾತಲ್ಲಿ ಹೇಳಿ!"

ಅವಳು ಲ್ಯಾಪ್‌ಟಾಪನ್ನು ಕೌಂಟರ್ ಮೇಲೆ ಕುಕ್ಕಿದಳು. ಬಿಚ್ಚಿಟ್ಟಿದ್ದ ಗೇಮ್ ಕಂಟ್ರೋಲರಿನ ಪುಟ್ಟ ಸ್ಪ್ರಿಂಗೊಂದು ಎಗರಿ ಎಲ್ಲೋ ಉರುಳಿಹೋಯಿತು.

ರಿಪೇರಿಯವನು ತಲೆಯೆತ್ತಿದ. ಅವಳ ಮುಖ ಕಂಡದ್ದೇ ತಡ, ಕೈಯಲ್ಲಿದ್ದ ಸ್ಕ್ರೂಡ್ರೈವರ್ ಗಾಳಿಯಲ್ಲೇ ನಿಂತುಬಿಟ್ಟಿತು.

"ಏನ್ರೀ, ದೆವ್ವ ಕಂಡವರ ಹಾಗೆ ನೋಡ್ತೀರಾ?"

"ಇಲ್ಲ... ಆಗುತ್ತೆ. ಕೂತ್ಕೊಳ್ಳಿ."

ಆ ಬೀದಿಯಲ್ಲಷ್ಟೇ ಅಲ್ಲ, ಹೋದಲ್ಲೆಲ್ಲ ಅವನನ್ನು ಎಲ್ಲರೂ ಕರೆಯುತ್ತಿದ್ದದ್ದು ಮೌನಿ ಎಂದೇ. ಅವನ ಬಾಯಿಂದ ಮಾತು ಹೊರಡಿಸುವುದಕ್ಕಿಂತ ಕೆಟ್ಟ ಟಿವಿಯಿಂದ ಹಾಡು ಹೊರಡಿಸುವುದೇ ಸುಲಭ ಅಂತ ಪಕ್ಕದ ಬೇಕರಿಯವಳು ನಗಾಡುತ್ತಿದ್ದಳು.

ಲ್ಯಾಪ್‌ಟಾಪ್ ತಂದವಳದು ಅದೇ ಬೀದಿಯ ಕೊನೆಯಲ್ಲಿ ಹೊಸದಾಗಿ ತೆರೆದ ಸಲೂನ್. ಗಂಡಸು, ಹೆಂಗಸು, ಮಕ್ಕಳು... ಯಾರು ತಲೆ ಕೊಟ್ಟರೂ ಚಕಚಕ ಕತ್ತರಿಸಿ ಅಂದಗಾಣಿಸುವಳು. ನಗು ಬಂದರೆ ಮೂಗಿನಿಂದ ಗೊರಕೆಯಂಥ ಸದ್ದು ಹೊರಡುತ್ತಿತ್ತು. ಅದಕ್ಕೆ ಅವಳೆಂದೂ ನಾಚಿಕೊಂಡವಳಲ್ಲ.

ಆ ಆಟ ಬರುವವರೆಗೆ!

ಅವಳ ಜೊತೆ ಮದುವೆ ಗೊತ್ತಾಗಿದ್ದವನು ಒಂದು ಗೇಮ್ ಕಂಪನಿಯಲ್ಲಿ ಸಂಭಾಷಣೆ ಬರೆಯುತ್ತಿದ್ದ. ಮಾತು ಬೆಣ್ಣೆ, ಮನಸ್ಸು ಬ್ಲೇಡು. ಒಂದು ದಿನ "ನಿನ್ನ ಜೊತೆ ನಂಗೆ ಉಸಿರು ಕಟ್ಟುತ್ತೆ" ಅಂದವನೇ ಎದ್ದು ಹೊರಟ. ಅವಳು ಬಾಗಿಲಲ್ಲಿ ಅವನ ತೋಳು ಹಿಡಿದು ಅತ್ತಿದ್ದಳು. "ನಿಂಗೆ ಹೇಗೆ ಬೇಕೋ ಹಾಗೇ ಆಗ್ತೀನಿ, ಬಿಟ್ಟು ಹೋಗ್ಬೇಡ ಕಣೋ..."

ಆ ಮಾತು ಅವರಿಬ್ಬರ ಹೊರತು ಇನ್ಯಾರಿಗೂ ಗೊತ್ತಿರಲಿಲ್ಲ.

ಈಗ ಅದು ಊರಿಗೆಲ್ಲ ಗೊತ್ತು. ಆಟದಲ್ಲೊಬ್ಬಳು ಕತ್ತರಿ ರಾಣಿ. ಅವಳದೇ ಮುಖ, ಅವಳದೇ ಮೂಗಿನ ನಗು. ಆಟದ ನಾಯಕ ಬೆನ್ನು ತಿರುಗಿಸಿದರೆ ಸಾಕು, ಅವಳು ಮಂಡಿಯೂರಿ ಅದೇ ಮಾತು ಹೇಳುತ್ತಾಳೆ. ಅವಳು ಅಳುವಂತೆ ಮಾಡಿದಷ್ಟೂ ಪಾಯಿಂಟು!

ಆ ಬೆಳಿಗ್ಗೆ ಸಲೂನಿನ ಕುರ್ಚಿಯಲ್ಲಿ ಕೂತ ಕಾಲೇಜು ಹುಡುಗಿ ಅವಳನ್ನು ಕನ್ನಡಿಯಲ್ಲಿ ನೋಡಿ ಕಿಸಕ್ಕನೆ ನಕ್ಕು ಅಂದಿದ್ದಳು: "ಆಂಟೀ, ಬಿಟ್ಟು ಹೋಗ್ಬೇಡ ಕಣೋ ಅನ್ನಿ, ಪ್ಲೀಸ್!"

ಅವಳು ಕತ್ತರಿ ಕೆಳಗಿಟ್ಟು ನೇರ ಇಲ್ಲಿಗೆ ಬಂದಿದ್ದಳು.

"ನಾಯಕನ ಮುಖ ನನ್ನ ಬಿಟ್ಟು ಹೋದವನದೇ. ಅವನ ಸೊಕ್ಕು ಮುರೀಬೇಕು. ನಂಗೇ ಕಲಿಸಿ. ನನ್ನ ಸೇಡು ನಾನೇ ತೀರಿಸ್ಕೋಬೇಕು!"

ಮೌನಿ ತಲೆಯಾಡಿಸಿದ. ಕುರ್ಚಿ ಎಳೆದು ಹಾಕಿದ.

ಅಂದಿನಿಂದ ಮಧ್ಯಾಹ್ನ ಗಿರಾಕಿಗಳು ಕಡಿಮೆಯಾದಾಗ ಅವಳ ಪಾಠ ನಡೆಯಿತು.

"ಇದು ಸೇವ್ ಫೈಲ್. ನೀವು ಎಲ್ಲಿವರೆಗೆ ಆಡಿದ್ದೀರಿ, ಏನು ಗಳಿಸಿದ್ದೀರಿ, ಎಲ್ಲ ಇದರೊಳಗಿರುತ್ತೆ. ಮೊದಲು ಇದರ ನಕಲು ತೆಗೆದಿಡಿ. ಸಿಟ್ಟು ಆಮೇಲೆ."

"ಸಿಟ್ಟು ಕಾಯಲ್ಲ ಸ್ವಾಮಿ!"

ಅವಳು ನಾಯಕನ ಶಕ್ತಿಯ ಅಂಕಿ ಅಳಿಸಿ ಬಾಯಿಗೆ ಬಂದ ಬೈಗುಳವನ್ನೇ ಟೈಪ್ ಮಾಡಿದಳು. ಆಟ ತೆರೆಯಲೇ ಇಲ್ಲ. ಪರದೆ ಕಪ್ಪಗಾಯಿತು.

"ಅಂಕಿ ಇರೋ ಕಡೆ ಅಂಕಿನೇ ಇರಬೇಕು. ಬೈಗುಳ ಅದಕ್ಕೆ ಅರ್ಥ ಆಗಲ್ಲ," ಎಂದು ತಾನು ಗುಟ್ಟಾಗಿ ತೆಗೆದಿಟ್ಟಿದ್ದ ನಕಲನ್ನು ಅವನು ವಾಪಸ್ ಹಾಕಿಕೊಟ್ಟ.

ಅವಳಿಗೆ ನಗು ತಡೆಯಲಾಗಲಿಲ್ಲ. ಮೂಗು ಗೊರ್ ಎಂದಿತು. ಥಟ್ಟನೆ ಬಾಯಿ ಮುಚ್ಚಿಕೊಂಡಳು.

"ಮುಚ್ಕೋಬೇಡಿ," ಎಂದ ಮೌನಿ, ಮೆಲ್ಲಗೆ.

ಯಾಕೋ ಅವಳ ಕಿವಿ ಬಿಸಿಯಾಯಿತು. 'ಛೀ! ಸೇಡು ತೀರಿಸೋಕೆ ಬಂದವಳು ನಾನು...'

ಅಂಕಿಗಳಾದ ಮೇಲೆ ಚಿತ್ರಗಳು. ನಾಯಕನ ಕೂದಲೂ ಒಂದು ಚಿತ್ರದ ಫೈಲು ಅಂತ ಗೊತ್ತಾದಾಗ ಅವಳ ಕಣ್ಣು ಮಿಂಚಿತು. ಅದು ಅವಳ ಕಸುಬು! ನಡುನೆತ್ತಿಯಲ್ಲಿ ಹಪ್ಪಳದಷ್ಟಗಲ ಬೋಳು, ಸುತ್ತ ಎಲೆ ಉದುರಿದ ಬೇಲಿಯಂಥ ಕೂದಲು. ಎಷ್ಟು ಶ್ರದ್ಧೆಯಿಂದ ಬೋಳಿಸಿದಳೆಂದರೆ, ಜೀವಮಾನದಲ್ಲಿ ಅಂಥ ಕೆಟ್ಟ ಕ್ಷೌರ ಅವಳು ಮಾಡಿರಲಿಲ್ಲ!

ಆಟಗಾರರ ಆನ್‌ಲೈನ್ ವೇದಿಕೆಯಲ್ಲಿ ಆ ಫೈಲು ಹಾಕಿದ್ದೇ ತಡ, ಜನ ಮುಗಿಬಿದ್ದು ಇಳಿಸಿಕೊಂಡರು. ಬೋಳು ನಾಯಕ ಎಲ್ಲರ ಮೊಬೈಲಿಗೂ ಹರಿದ. ಒಂದು ಕಾಲದಲ್ಲಿ ಅವಳ ಎದೆಯನ್ನೇ ಕುಣಿಸುತ್ತಿದ್ದ ನಂಬರಿನಿಂದ ಫೋನ್ ಬಂತು. ಅವಳು ಎತ್ತಲಿಲ್ಲ. ರಿಂಗಾಗುವುದನ್ನು ಕಿವಿ ತುಂಬ ಕೇಳಿಸಿಕೊಂಡಳು.

'ಇನ್ನು ಕತ್ತರಿ ರಾಣಿ. ಅವಳ ಬಾಯಿಂದ ಆ ಮಾತು ಕಿತ್ತುಹಾಕಬೇಕು.'

ಮರುದಿನ ಒಬ್ಬಳೇ ಕೂತು ಆ ಪಾತ್ರದ ಫೈಲುಗಳನ್ನು ತೆರೆದಳು. ಮುಖದ ಫೈಲು. ರಚಿಸಿದವರ ಹೆಸರಿನ ಜಾಗದಲ್ಲಿ ಒಂದೇ ಪದ.

ಮೌನಿ.

ಅವಳು ಲ್ಯಾಪ್‌ಟಾಪ್ ಮುಚ್ಚಿ ಎದ್ದಳು.

ಅಂಗಡಿಗೆ ನುಗ್ಗಿದವಳ ಕಣ್ಣಲ್ಲಿ ಬೆಂಕಿಯಿತ್ತು. "ಆ ಮುಖ ಮಾಡಿದ್ದು ನೀವಾ?"

ಅವನು ಎದ್ದು ನಿಂತ. "ಹೌದು. ಆದ್ರೆ..."

"ನನ್ನನ್ನ ಊರೆದುರು ಮಂಡಿಯೂರಿಸಿದ ಕೈ ಇದೇನಾ? ಇಷ್ಟು ದಿನ ಪಕ್ಕದಲ್ಲೇ ಕೂತು ತಮಾಷೆ ನೋಡಿದ್ರಾ?"

"ಒಂದ್ನಿಮಿಷ ಕೇಳಿ..."

"ನಿಮಗೂ ಒಂದು ವೇಷ ಹಾಕ್ತೀನಿ. ಕಾಯ್ತಿರಿ!"

ಹೇಳಿದ್ದನ್ನು ಮಾಡುವವಳು ಅವಳು. ಆಟದ ಸಂತೆಬೀದಿಯಲ್ಲಿ ಕಸ ತಿನ್ನುವ ಕತ್ತೆಯೊಂದಿತ್ತು. ಅದಕ್ಕೆ ಮೌನಿಯ ಮುಖ ಅಂಟಿಸುವುದೆಂದು ಹಲ್ಲು ಕಚ್ಚಿ ಕೂತಳು. ಅವನು ಮಾಡಿದ್ದೆಲ್ಲ ಬಯಲಿಗೆಳೆಯಬೇಕೆಂದು ಅವನ ಹೆಸರಿದ್ದ ಫೈಲುಗಳನ್ನು ಒಂದೊಂದೇ ಜಾಲಾಡಿದಳು.

ಆಟದಲ್ಲಿ ಎಲ್ಲೂ ಕಾಣದ ಒಂದು ದೃಶ್ಯ ಸಿಕ್ಕಿತು. ಕಂಪನಿ ಕೈಬಿಟ್ಟಿದ್ದರೂ ಒಳಗೇ ಉಳಿದುಬಿಟ್ಟಿತ್ತು. ಸೇವ್ ಫೈಲಿನಲ್ಲಿ ಅದರ ಎದುರು ಸೊನ್ನೆ ಇತ್ತು, ಅಂದರೆ ಬಂದ್. ಅವಳು ನಕಲು ತೆಗೆದಿಟ್ಟುಕೊಂಡು ಸೊನ್ನೆಯ ಜಾಗದಲ್ಲಿ ಒಂದು ಎಂದು ಹಾಕಿದಳು.

ಪರದೆಯ ಮೇಲೆ ನಾಯಕ ಬೆನ್ನು ತಿರುಗಿಸಿದ. ಕತ್ತರಿ ರಾಣಿ ಮಂಡಿಯೂರಲಿಲ್ಲ. ಕಣ್ಣೊರೆಸಿಕೊಂಡಳು. "ಹೋಗು. ಹೋಗ್ತಾ ಬಾಗಿಲು ಹಾಕ್ಕೊಂಡು ಹೋಗು" ಅಂದಳು. ಆಮೇಲೆ ಕನ್ನಡಿ ನೋಡಿಕೊಂಡು ನಕ್ಕಳು. ಮೂಗು ಗೊರ್ ಎನ್ನುವಂತೆ, ಭುಜ ಕುಲುಕುವಂತೆ, ಯಾರ ಹಂಗೂ ಇಲ್ಲದಂತೆ!

ಆ ನಗುವಿನಲ್ಲಿ ಗೇಲಿ ಇರಲಿಲ್ಲ. ಮಾಡಿದವನು ಒಂದೊಂದು ಗೆರೆಯನ್ನೂ ಮುದ್ದಿಸಿ ಮಾಡಿದ್ದ.

ಅವಳು ಆ ದೃಶ್ಯವನ್ನು ಮತ್ತೊಮ್ಮೆ ಹಾಕಿ ನೋಡಿದಳು. ಇಷ್ಟು ದಿನ ಸಿಟ್ಟು ತಡೆದಿಟ್ಟಿದ್ದ ಅಳು ಆಗ ಬಂತು...

ಮರುದಿನ ಮೌನಿ ತಾನಾಗಿಯೇ ಸಲೂನಿಗೆ ಬಂದ. ಬಾಗಿಲಲ್ಲೇ ನಿಂತ. ಅವಳು ಕುರ್ಚಿ ತೋರಿಸಿದಳು. ಅವನ ಕೊರಳಿಗೆ ಬಿಳಿ ಬಟ್ಟೆ ಬಿಗಿದು ಕತ್ತರಿ ಎತ್ತಿಕೊಂಡಳು.

"ಈಗ ಹೇಳಿ. ಸುಳ್ಳು ಹೇಳಿದ್ರೆ ಕಿವಿ ಕೈಗೆ ಬರುತ್ತೆ."

"ಅವನೂ ನಾನೂ ಒಂದೇ ಕಂಪನಿ. ನಿಮ್ಮ ವಿಡಿಯೋ ಕೊಟ್ಟು, ಮದುವೆಯಾಗೋ ಹುಡುಗಿ, ಮುಖ ಬಳಸೋಕೆ ಅವಳೂ ಒಪ್ಪಿದ್ದಾಳೆ ಅಂದ. ನಂಬಿದೆ. ಆಮೇಲೊಂದು ದಿನ ಟೀ ಕುಡೀತಾ, ಆ ಮಾತು ನೀವು ನಿಜವಾಗಿ ಆಡಿದ್ದು ಅಂತ ನಕ್ಕೊಂಡು ಹೇಳಿದ. ನಂಗೆ ತಡ್ಕೊಳ್ಳೋಕಾಗ್ಲಿಲ್ಲ. ಬೇರೆ ದೃಶ್ಯ ಮಾಡ್ಕೊಟ್ಟೆ. ತೆಗೆದುಹಾಕಿದ್ರು. ಕೆಲಸ ಬಿಟ್ಟೆ."

"ಮೊದಲ ದಿನಾನೇ ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ನೀವು ಮತ್ತೆ ಬರ್ತಿರ್ಲಿಲ್ಲ."

ಕತ್ತರಿ ನಿಂತಿತು.

"ಅದು ತಪ್ಪು," ಎಂದಳು.

"ದೊಡ್ಡ ತಪ್ಪು."

ಅಷ್ಟರಲ್ಲಿ ಫೋನು ಹೊಡೆದುಕೊಂಡಿತು. ಅದೇ ನಂಬರು! ಈ ಸಲ ಅವಳು ಎತ್ತಿದಳು.

"ದಯವಿಟ್ಟು ಅದನ್ನ ತೆಗೆದುಹಾಕು! ಆಫೀಸಲ್ಲಿ ಎಲ್ರೂ ನನ್ನ ತಲೆ ನೋಡಿ ನಗ್ತಿದ್ದಾರೆ. ಏನು ಬೇಕಾದ್ರೂ ಮಾಡ್ತೀನಿ ಕಣೇ..."

"ಅಯ್ಯೋ, ಇಷ್ಟಕ್ಕೇ ಸುಸ್ತಾದ್ಯಾ? ನಾಳೆ ಇನ್ನೊಂದು ಬಿಡ್ತಿದ್ದೀನಿ. ಅದರಲ್ಲಿ ನಾನು ನಿನ್ನ ಆಚೆ ಕಳಿಸ್ತೀನಿ. ಇಳಿಸ್ಕೊಂಡು ನೋಡು!"

ಫೋನ್ ಕುಕ್ಕಿದಳು. ಎದೆಯ ಮೇಲಿನ ಬಂಡೆ ಉರುಳಿ ಹೋದಂತಾಯಿತು. ಎಂಥ ಸುಖ!

ಕನ್ನಡಿಯೊಳಗಿಂದ ಮೌನಿ ಅವಳನ್ನೇ ನೋಡುತ್ತಿದ್ದ. "ನನ್ನ ಶಿಕ್ಷೆ?"

"ಕತ್ತೆ ಮಾಡ್ಬೇಕು ಅಂತಿದ್ದೆ."

"ಮಾಡಿ."

"ಮುಖ ಹೊಂದಲ್ಲ. ಕಿವಿ ಚಿಕ್ಕದು." ಅವನ ಕಿವಿಯ ಮೇಲಿದ್ದ ಕೂದಲ ಚೂರನ್ನು ಬೆರಳಿಂದ ಒರೆಸಿದಳು. ಬೆರಳು ಅಲ್ಲೇ ಉಳಿಯಿತು. "ಮೌನಿ... ಆ ನಗು ಮಾಡೋವಾಗ ಏನು ಯೋಚಿಸ್ತಿದ್ರಿ?"

"ಇದನ್ನ ಒಂದು ಸಲ ಎದುರಿಗೇ ಕೂತು ಕೇಳ್ಬೇಕು ಅಂತ."

"ಅಷ್ಟೇನಾ?"

"ಅಲ್ಲ," ಎಂದ ಅವನು. ಬಿಳಿ ಬಟ್ಟೆಯೊಳಗಿಂದ ಕೈ ತೆಗೆದು ಅವಳ ಬೆರಳು ಹಿಡಿದುಕೊಂಡ. "ದಿನಾ ಕೇಳ್ಬೇಕು ಅಂತ."