ಸ್ಮಿತ್ ಸಾಹೇಬರೂ ವೀರೇಂದ್ರ ಕಮ್ಮಾರನೂ

"ನಿಮ್ಮಣ್ಣಾರು ಒಪ್ಕೊಂಡ್ರು, ಶರ್ವಾಣಿ!"

ಕೊಲ್ಲಿ ನಾಡಿನ ಅಲ್ ಗರಾಫಾದ ಅಪಾರ್ಟ್‌ಮೆಂಟಿನ ಕೆಳಗೆ ಕಾರಿನಿಂದ ಇಳಿಯುತ್ತಲೇ ವೀರೇಂದ್ರ ಹಾಗೆಂದಾಗ ಶರ್ವಾಣಿಗೆ ನಿಂತಲ್ಲೇ ಕುಣಿಯಬೇಕೆನಿಸಿತು. ಅಪ್ಪ ತೀರಿಕೊಂಡ ಮೇಲೆ ಮನೆಗೆ ಹಿರಿಯನಾದ ಅಣ್ಣ ಯತಿರಾಜ್ ಎಷ್ಟೋ ತಿಂಗಳಿಂದ "ನೋಡೋಣ, ನೋಡೋಣ" ಎಂದೇ ಮದುವೆಯ ಮಾತನ್ನು ತಳ್ಳಿಕೊಂಡು ಬಂದಿದ್ದ.

"ಆದ್ರ ಫೋನಿನ್ಯಾಗ ಒಂದ ಮಾತು ಹೇಳ್ಯಾರ," ಎಂದ ವೀರೇಂದ್ರ, ಅವಳ ಕಣ್ಣು ತಪ್ಪಿಸಿ. "ಪಾಸ್‌ಪೋರ್ಟಿನ್ಯಾಗ ಸರ್‌ನೇಮ್ ತೆಗಿಸಿಬಿಡ್ರಿ ಅಂತ. ಇವತ್ತು ಅವರ ಮ್ಯಾನೇಜರ್ ಊಟಕ್ಕ ಬಂದಾರಲ್ಲ, ಅವರ ಮುಂದೂ ಬರೇ ವೀರೇಂದ್ರ ಅಂತ ಹೇಳ್ರಿ ಅಂದ್ರು."

"ಯಾಕಂತೆ?"

"ಕಮ್ಮಾರ ಅನ್ನೋದು ಕೆಲಸದ ಹೆಸರಂತ. ನಿಮ್ಮ ನೆಂಟರ ಮುಂದ ಚೊಲೋ ಕಾಣಂಗಿಲ್ಲಂತ."

"ನೀನೇನಂದೆ?"

"ಹೂಂ ಅಂದೆ. ನಿನ್ನ ಸಲುವಾಗಿ."

ಶರ್ವಾಣಿಯ ಮೂಗಿನ ತುದಿ ಕೆಂಪಾಯಿತು. "ಭಾರೀ ಉಪಕಾರ ಆಯ್ತು, ವೀರೇಂದ್ರ ಅವರೇ. ಲಿಫ್ಟ್ ಆ ಕಡೆ ಇದೆ."

'ನೀನು' ಹೋಗಿ 'ಅವರೇ' ಬಂತೆಂದರೆ ಗ್ರಹಚಾರ ಕೆಟ್ಟಿತೆಂದೇ ಲೆಕ್ಕ. ಲಿಫ್ಟಿನಲ್ಲಿ ಅವನು ಕನ್ನಡಿಯೊಳಗಿನಿಂದ ಅವಳನ್ನು ನೋಡಿ ಸಣ್ಣಗೆ ನಕ್ಕ. ಅವಳು ಕನ್ನಡಿಗೂ ಬೆನ್ನು ಹಾಕಿದಳು.

ಸಿಟ್ಟು ಬಾರದೆ ಇನ್ನೇನು? ಅವಳು ಅವನನ್ನು ಮೆಚ್ಚಿದ್ದೇ ಆ ಹೆಸರಿನಿಂದ. ಕನ್ನಡದವರೆಲ್ಲ ಸೇರಿ ಆಯುಧಪೂಜೆ ಮಾಡಿದ ದಿನ ದೇವರ ಮುಂದೆ ಲ್ಯಾಪ್‌ಟಾಪ್, ಕಾರಿನ ಕೀ ಸಾಲಾಗಿ ಕುಂಕುಮ ಹಚ್ಚಿಸಿಕೊಂಡು ಕೂತಿದ್ದವು. ಗ್ಯಾಸ್ ಪ್ಲಾಂಟಿನಲ್ಲಿ ವೆಲ್ಡಿಂಗ್ ಇನ್ಸ್‌ಪೆಕ್ಟರ್ ಆದ ಇವನು ಅವುಗಳ ನಡುವೆ ಒಂದು ಹಳೇ ಸುತ್ತಿಗೆ ಇಟ್ಟ. "ನಾವು ಕಮ್ಮಾರರು. ಇದು ನಮ್ಮ ಮುತ್ಯಾಂದು. ಊರಾಗಿನ ಒಂದು ನೇಗಿಲೂ ಇದರ ಪೆಟ್ಟು ತಿನ್ನದೇ ಹೊಲಕ್ಕ ಹೋಗಿಲ್ಲ. ನಮ್ಮಜ್ಜಿ ತಿದಿ ಒತ್ತಾಕಿ, ಮುತ್ಯಾ ಬಡಿಯಾಂವ," ಎಂದು ಎಲ್ಲರಿಗೂ ಕೇಳುವಂತೆ ಹೇಳಿದ್ದ. ಆಗಿನ ಅವನ ಮುಖ ಅವಳಿಗೆ ಇನ್ನೂ ನೆನಪಿತ್ತು. ಅಂಥವನು ಈಗ ಹೂಂ ಅಂದನಂತೆ!

ಮೇಲೆ ಯತಿರಾಜ್ ಮ್ಯಾನೇಜರ್ ಸ್ಮಿತ್ ಸಾಹೇಬರ ಸೇವೆಯಲ್ಲಿ ಮುಳುಗಿದ್ದ. ಅವರ ಹೋಳಿಗೆಗೆ ತಾನೇ ಬಗ್ಗಿ ತುಪ್ಪ ಬಡಿಸಿದ. ವೀರೇಂದ್ರನಿಗೆ, "ಅಲ್ಲೇ ಇದೆ, ಹಾಕ್ಕೊಳ್ಳಿ," ಎಂದ.

ಶರ್ವಾಣಿ ಅದನ್ನೂ ನೋಡಿದಳು. ನೋಡಿ, ಬಹಳ ವಿನಯದಿಂದ ಇಂಗ್ಲಿಷಿನಲ್ಲಿ ಕೇಳಿದಳು: "ಮಿಸ್ಟರ್ ಸ್ಮಿತ್, ನಿಮ್ಮ ಸರ್‌ನೇಮ್‌ಗೆ ಏನಾದರೂ ಅರ್ಥ ಇದೆಯಾ?"

ಸಾಹೇಬರ ಮುಖ ಅರಳಿತು. "ಕಬ್ಬಿಣ ಬಡಿಯುವವನು ಎಂದರ್ಥ! ನನ್ನ ಮುತ್ತಜ್ಜನವರೆಗೂ ನಮ್ಮದು ಅದೇ ಕೆಲಸ. ಕುಲುಮೆ ಇಲ್ಲದೆ ಯಾವ ಹಳ್ಳಿಗೂ ನಡೆಯುತ್ತಿರಲಿಲ್ಲ. ಅದಕ್ಕೇ ನಮ್ಮಲ್ಲಿ ಎಲ್ಲಿ ನೋಡಿದರೂ ಸ್ಮಿತ್‌ಗಳು. ಬಟ್ಟೆ ಹೊಲಿದವನು ಟೇಲರ್, ಮಡಕೆ ಮಾಡಿದವನು ಪಾಟರ್, ಪೀಪಾಯಿ ಮಾಡಿದವನು ಕೂಪರ್."

"ವಾವ್ ಸರ್! ಎಂಥ ಹೆರಿಟೇಜ್!" ಎಂದ ಯತಿರಾಜ್.

ಶರ್ವಾಣಿಗೆ ಮೈಯೆಲ್ಲ ಉರಿದುಹೋಯಿತು. ಸುತ್ತಿಗೆ ಇಂಗ್ಲೆಂಡಿನದಾದರೆ ಹೆರಿಟೇಜು, ನಮ್ಮೂರಿನದಾದರೆ ಪಾಸ್‌ಪೋರ್ಟಿನಿಂದ ಅಳಿಸಬೇಕಾದ್ದು! ಮಾತು ನಾಲಿಗೆಯ ತುದಿಗೆ ಬಂದಿತ್ತು. ಆದರೂ ನುಂಗಿಕೊಂಡಳು. ಹೆಸರು ಅವನದು, ಅವನೇ ಹೇಳಬೇಕು. ಮೇಜಿನಾಚೆಯಿಂದ ಅವನನ್ನೇ ನೋಡಿದಳು.

ಅವನು ಈ ಬಾರಿ ಕಣ್ಣು ತಪ್ಪಿಸಲಿಲ್ಲ. ಎದ್ದು ನಿಂತ.

"ಸರ್, ನನ್ನ ಹೆಸರು ವೀರೇಂದ್ರ ಕಮ್ಮಾರ. ನಿಮ್ಮಲ್ಲಿ ಸ್ಮಿತ್ ಅನ್ನುವುದನ್ನೇ ನಮ್ಮಲ್ಲಿ ಕಮ್ಮಾರ ಅನ್ನುತ್ತಾರೆ. ನನ್ನ ಅಜ್ಜನದೂ ಕುಲುಮೆ ಇತ್ತು."

"ಹಾಗಾದರೆ ನಾವು ನೆಂಟರು!" ಎನ್ನುತ್ತ ಸಾಹೇಬರು ಎದ್ದು ಅವನ ಕೈ ಹಿಡಿದರು.

ವೀರೇಂದ್ರ ಯತಿರಾಜನ ಕಡೆ ತಿರುಗಿದ. "ಅಣ್ಣಾರ, ಹೂಂ ಅಂದಿದ್ದು ನಂದ ತಪ್ಪರೀ. ಹೆಸರು ಬಿಡಂಗಿಲ್ಲ. ಇದ ಹೆಸರಿಟ್ಕೊಂಡು ನಿಮ್ಮ ತಂಗಿನ್ನ ಕೇಳಾಕ ಬಂದೀನಿ. ನೀವು ಒಲ್ಲೆ ಅಂದ್ರ..." ಎನ್ನುತ್ತ ಶರ್ವಾಣಿಯ ಕಡೆ ನೋಡಿದ.

"ಊಟ ಆಗ್ಲಿ, ಆಮೇಲೆ ಮಾತಾಡೋಣ," ಎಂದ ಯತಿರಾಜ್, ಮುಖ ಗಂಟಿಕ್ಕಿ.

"ಆಮೇಲಲ್ಲ ಅಣ್ಣ, ಈಗ್ಲೇ." ಶರ್ವಾಣಿ ತಟ್ಟೆ ಎತ್ತಿಕೊಂಡು ಬಂದು ವೀರೇಂದ್ರನ ಪಕ್ಕದಲ್ಲಿ ಕೂತಳು. "ಅವರಿಗೆ ಬಗ್ಗಿ ಬಡಿಸಿದೆಯಲ್ಲ, ಇವನಿಗೂ ಬಡಿಸು. ಇಲ್ಲಾಂದ್ರೆ ಹೇಳ್ಬಿಡು, ನಾವಿಬ್ಬರೂ ಹೊರಡ್ತೀವಿ."

ಯತಿರಾಜ್ ತಂಗಿಯನ್ನು ನೋಡಿದ, ಇನ್ನೂ ವೀರೇಂದ್ರನ ಕೈ ಬಿಡದ ಸಾಹೇಬರನ್ನೂ ನೋಡಿದ. ಕಡೆಗೆ ತುಪ್ಪದ ಮಿಳ್ಳೆ ತೆಗೆದುಕೊಂಡ.

"ಕೂತ್ಕೊಳ್ಳಿ... ಕಮ್ಮಾರ್ ಅವರೇ. ಹೋಳಿಗೆ ಆರಿಹೋಗುತ್ತೆ."

ಅದು ಮನಸ್ಸಿನಿಂದ ಬಂತೋ, ಮ್ಯಾನೇಜರ್ ಎದುರಿಗಿದ್ದಾರೆಂದು ಬಂತೋ, ಶರ್ವಾಣಿ ವಿಚಾರಿಸಲು ಹೋಗಲಿಲ್ಲ.

"ಸಿಟ್ಟು ಹೋತೇನ?" ವೀರೇಂದ್ರ ಪಿಸುಗುಟ್ಟಿದ.

"ಇಲ್ಲ." ಅವಳು ಮೇಜಿನ ಕೆಳಗೆ ಅವನ ಕೈಯನ್ನು ಗಟ್ಟಿಯಾಗಿ ಹಿಡಿದುಕೊಂಡಳು. "ಇನ್ಮೇಲೆ ಯಾರಿಗಾದ್ರೂ ಹೂಂ ಅನ್ನೋಕೆ ಮುಂಚೆ ನನ್ನನ್ನ ಕೇಳು. ಆ ಹೆಸರು ಇನ್ನು ನಂದೂ ಕಣೋ."