ಪಂಪಯ್ಯನನ್ನು ಇಳಿಸಿದ ಹಗ್ಗ

ಸೋಮವಾರ ಬೆಳಿಗ್ಗೆ ಕುರಿಗಾಹಿಗಳಿಂದ ಗೊರೇಬಾಳಕ್ಕೆ ಸುದ್ದಿ ಬಂತು. ಔಷಧಿಯ ಬೇರು ತರಲು ಹೋಗಿ ಎರಡು ದಿನವಾದರೂ ಮರಳದ ಪಂಪಯ್ಯ, ಮಸ್ಕಿ ಬೆಟ್ಟದ ಕಡಿದಾದ ಬದಿಯಲ್ಲಿ, ನಡುಬಂಡೆಯ ಮೇಲೆ ಸತ್ತು ಬಿದ್ದಿದ್ದ. ಹದ್ದುಗಳು ಆಗಲೇ ಸುತ್ತುತ್ತಿದ್ದವು. ಕುಳ್ಳಿರಿಸಿ ಸಮಾಧಿ ಮಾಡುವುದು ಮನೆತನದ ಪದ್ಧತಿ. ದೇಹ ಊನವಾಗದಂತೆ ಸಂಜೆಯೊಳಗೆ ಕೆಳಗಿಳಿಯಬೇಕಿತ್ತು.

ಮೂವರು ಬೆಟ್ಟ ಹತ್ತಿದರು: ಪಂಪಯ್ಯನ ಅಣ್ಣ ಕರಿಬಸಯ್ಯ, ಕಾಲೇಜಿನ ಶಿಬಿರದಲ್ಲಿ ಬಂಡೆ ಇಳಿಯಲು ಕಲಿತಿದ್ದ ಪಂಪಯ್ಯನ ಮಗಳು ಭಾಗ್ಯಶ್ರೀ, ಬಾವಿಗಳಿಗೆ ಮೋಟಾರು ಇಳಿಸುವ ಚಾಂದ್‌ಪಾಷಾ. ಬೆಟ್ಟಕ್ಕೆ ಅವರು ಬೇಡವಾಗಿದ್ದರು. ಜಾಲಿಮುಳ್ಳು ಚಪ್ಪಲಿ ಸೀಳಿ ಅಂಗಾಲು ಹೊಕ್ಕಿತು. ಬಂಡೆ ಮುಟ್ಟಿದರೆ ಕೈ ಸುಡುತ್ತಿತ್ತು. ಹಿಡಿದ ಕಲ್ಲು ಕಿತ್ತು ಬರುತ್ತಿತ್ತು, ತುದಿಯವರೆಗೂ ಅಂಗೈಯಗಲ ನೆರಳಿರಲಿಲ್ಲ.

ಅಲ್ಲಿ ಕುರಿಗಾಹಿಗಳು ಪೂಜಿಸುವ ನಿಲುವುಗಲ್ಲೊಂದಿತ್ತು. ಚಾಂದ್‌ಪಾಷಾ ಪಕ್ಕದ ಒರಟು ಬಂಡೆ ತೋರಿಸಿದ.

"ಎರಡೂ ಹಗ್ಗ ಇದಕ್ಕ ಸುತ್ತೋಣ್ರಿ ಅಯ್ಯಾರ."

"ದೇವರಿರೂವಾಗ ಬರೇ ಕಲ್ಲಿಗೆ ಯಾಕೋ? ನನ್ನ ತಮ್ಮನ್ನ ಅವನೇ ಹಿಡೀತಾನ."

"ದೇವರು ನಿಮ್ಮದು, ಅಂಗೈ ನಂದು," ಎಂದು ಗೊಣಗುತ್ತ ಅವನು ದೇಹ ಇಳಿಸುವ ಹಗ್ಗವನ್ನು ನಿಲುವುಗಲ್ಲಿಗೆ ಮೂರು ಸುತ್ತು ಹಾಕಿದ.

ಭಾಗ್ಯಶ್ರೀ ಒರಟು ಬಂಡೆಗೆ ಕಟ್ಟಿದ ಹಗ್ಗದಲ್ಲಿ ಇಳಿದಳು. ತಂದೆಯನ್ನು ಕಂಬಳಿಯಲ್ಲಿ ಸುತ್ತಿ ಇನ್ನೊಂದು ಹಗ್ಗಕ್ಕೆ ಬಿಗಿದಳು.

"ಬಿಡ್ರಿ ಕಾಕಾ," ಎಂದು ಮೇಲಿದ್ದ ಚಾಂದ್‌ಪಾಷಾನಿಗೆ ಕೂಗಿದಳು. " ಸಣ್ಣಗ ಬಿಡ್ರಿ."

ಹಗ್ಗ ಗೇಣು ಗೇಣಾಗಿ ಸರಿಯಿತು. ದೇಹ ಗಾಳಿಗೆ ತೇಲಿ ತಿರುಗಿದಾಗಲೆಲ್ಲ, ಪಕ್ಕದಲ್ಲೇ ಇಳಿಯುತ್ತಿದ್ದ ಅವಳು ಕಾಲೂರಿ, ಅದು ಬಂಡೆಗೆ ಬಡಿಯದಂತೆ ತಡೆದಳು.

ಒಮ್ಮೆಲೇ ಹಗ್ಗ ಸರ್ರನೆ ಓಡಿತು.

ಚಾಂದ್‌ಪಾಷಾನ ಅಂಗೈ ಸುಲಿಯಿತು. "ಎಣ್ಣಿ ರೀ. ಈ ಕಲ್ಲಿಗೆ ವರ್ಷಗಟ್ಟಲೆ ಎರದ ಎಣ್ಣಿ ಬಿಸಿಲಿಗೆ ಕರಗೇತಿ. ಮಣ್ಣು ಹಾಕ್ರಿ."

ಕರಿಬಸಯ್ಯ ಮಣ್ಣು ಬಾಚಿ, ಹಾಗೆಯೇ ನಿಂತ. ಎದುರಿಗೆ ಕುಂಕುಮ ಹಚ್ಚಿದ ದೇವರು.

"ಅಯ್ಯಾರ, ನನ್ನ ಕೈಯಾಗ ನಿಲ್ಲಂಗಿಲ್ರಿ."

"ತಪ್ಪಾತು ತಂದೆ," ಎಂದು ಅವನು ಎರಚಿದ. ಮತ್ತೆ ಬಾಚಿದ, ಮತ್ತೆ ಎರಚಿದ. ಕುಂಕುಮ ಮುಚ್ಚಿಹೋಯಿತು. ಮಣ್ಣು ಎಣ್ಣೆ ಹೀರಿ, ಹಗ್ಗ ಕಿರ್ರೆಂದು ಕಚ್ಚಿಕೊಂಡಿತು. ಕೆಳಗೆ ಚಾಚಿದ್ದ ಚೂಪುಗಲ್ಲೊಂದಕ್ಕಿಂತ ಮೊಳದಷ್ಟು ಮೇಲೆ ದೇಹ ತೂಗುತ್ತಿತ್ತು. ಭಾಗ್ಯಶ್ರೀ ಅದನ್ನು ತಬ್ಬಿ ಪಕ್ಕಕ್ಕೆ ಎಳೆದಳು.

ಕರಿಬಸಯ್ಯ ಹೆಗಲ ವಸ್ತ್ರವನ್ನು ಅಂಗೈಗೆ ಸುತ್ತಿ ತಾನೂ ಹಗ್ಗ ಹಿಡಿದ.

"ಅವಸರ ಬ್ಯಾಡ್ರಿ ಅಯ್ಯಾರ. ಮೋಟಾರಿಗೂ ಹಿಂಗೇ, ಅದಕ್ಕ ಗೊತ್ತಾಗದಂಗ ಇಳಿಸ್ಬೇಕು."

ತಾಸು ಕಳೆದ ಮೇಲೆ ಕೆಳಗಿನಿಂದ ದನಿ ಬಂತು. "ಅಪ್ಪ ನೆಲ ಮುಟ್ಯಾನ್ರಿ, ದೊಡ್ಡಪ್ಪ."

ಹೊತ್ತು ಮುಳುಗುವ ಮೊದಲು ಪಂಪಯ್ಯನನ್ನು ಸಮಾಧಿಯಲ್ಲಿ ಕುಳ್ಳಿರಿಸಿದರು. ಮೈಮೇಲೆ ಒಂದು ಹೊಸ ಗಾಯವೂ ಇರಲಿಲ್ಲ. ಕರಿಬಸಯ್ಯ ತಮ್ಮನ ಹಣೆಗೆ ವಿಭೂತಿ ಇಟ್ಟು ಕೈಮುಗಿದ.

"ತಂದೆ, ನಿನಗ ಮಣ್ಣು ಎರಚಿದವ ನಾನು. ಸಿಟ್ಟು ನನ್ನ ಮ್ಯಾಲಿರಲಿ. ಇವನ ಜೀವಕ್ಕ ಶಾಂತಿ ಕೊಡಪ್ಪ."