ಹಗೇವಿನೊಳಗಿನ ದವಡೆ

ಹೆಣ ಸಿಗದವನು ಸತ್ತಿಲ್ಲ ಎಂಬುದು ಸರಕಾರದ ಮಾತು. ಮೂರು ವರ್ಷದಲ್ಲಿ ಮಾಪಣ್ಣ ಈ ಮಾತನ್ನು ಕಮಲಾಪುರದ ಠಾಣೆಯಲ್ಲಿ ಏಳು ಸಲ ಕೇಳಿದ್ದ, ಕಲಬುರಗಿಯ ಕಚೇರಿಗಳಲ್ಲಿ ಎಷ್ಟು ಸಲವೋ. ನಿಜಾಮನ ಸೈನ್ಯ ಶರಣಾದ ವಾರ ಅವನ ಅಣ್ಣ ದೇವಿಂದ್ರಪ್ಪ ಇನ್ನು ಮುಂದೆ ನಮ್ಮ ಮನೆಯವರು ಬಿಟ್ಟಿ ದುಡಿಯುವುದಿಲ್ಲ ಎಂದು ಹೇಳಿಬರಲು ದತ್ತಪ್ಪ ಪಾಟೀಲನ ವಾಡೆಯೊಳಗೆ ಹೋದ. ಹೋದದ್ದನ್ನು ಮಾಪಣ್ಣ ಕಣ್ಣಾರೆ ಕಂಡಿದ್ದ. ಹೊರಗೆ ಬಂದದ್ದನ್ನು ಯಾರೂ ಕಾಣಲಿಲ್ಲ. ಆ ವಾರ ಕಾಣೆಯಾದವರನ್ನೆಲ್ಲ ಆ ದಿನಗಳ ಕೊಲೆ ಸುಲಿಗೆಯ ಗಡಿಬಿಡಿಯ ತಲೆಗೆ ಕಟ್ಟಿ ಊರು ಸುಮ್ಮನಾಯಿತು.

"ರಜಾಕಾರರು ಒಯ್ದಿರಬೇಕು ಬಿಡಪಾ," ಎಂದಿದ್ದ ಪಾಟೀಲ, ಕಟ್ಟೆಯ ಮೇಲೆ ಕೂತು ಅಡಕಿ ಕತ್ತರಿಸುತ್ತ. "ಇಲ್ಲಾಂದ್ರ ಬೊಂಬಾಯಿಗೆ ಓಡಿಹೋಗ್ಯಾನ. ಯಾವುದೋ ಗಿರಣಿಯಾಗ ದುಡ್ಯಾಕತ್ತಿರ್ತಾನ."

ಆ ಬೊಂಬಾಯಿ ಎಂಬ ಒಂದು ಮಾತಿಗೆ ಅವ್ವ ಮಾನಮ್ಮ ಇವತ್ತಿಗೂ ಒಂದು ರೊಟ್ಟಿ ಹೆಚ್ಚಿಗೆ ಬಡಿಯುತ್ತಿದ್ದಳು. ಸಂಜೆ ಅದು ಹಾಗೇ ಉಳಿಯುತ್ತಿತ್ತು. ಅದನ್ನು ನೋಡಿದಾಗೆಲ್ಲ ಮಾಪಣ್ಣನಿಗೆ ಪಾಟೀಲನ ಗಂಟಲು ಹಿಸುಕಬೇಕೆನ್ನಿಸುತ್ತಿತ್ತು. ಠಾಣೆಯ ಅಮೀನನ ಮುಂದೆ ಒಮ್ಮೆ ಕೂಗಾಡಿಯೂ ಬಿಟ್ಟಿದ್ದ. ಅಮೀನ ಕೆಟ್ಟವನೇನಲ್ಲ. "ಹೆಣ ತೋರಸು ತಮ್ಮಾ," ಎಂದಿದ್ದ. "ಹೆಣ ಇಲ್ಲಾಂದ್ರ ಒಂದು ಎಲುಬರೆ ತೋರಸು. ಬರೇ ಸಿಟ್ಟು ತೊಗೊಂಡು ನಾ ಪಂಚನಾಮೆ ಹ್ಯಾಂಗ ಬರೀಲಿ?"

ಎಲುಬಿನ ದಾರಿ ಅವನಿಗೆ ಸಿಕ್ಕದ್ದು ಕಲಬುರಗಿಯಲ್ಲಿ. ಹೈದರಾಬಾದಿನಿಂದ ಬಂದ ವಹಾಬ್ ಸಾಹೇಬರು ಸ್ಟೇಷನ್ ಹತ್ತಿರ ಎರಡು ಕೋಣೆಯ ಮನೆ ಹಿಡಿದು ಮನುಷ್ಯರ ಹಲ್ಲು, ಮಂಗಗಳ ಹಲ್ಲು ಹೋಲಿಸಿ ಏನೋ ಬರೆಯುತ್ತಿದ್ದರು. ದವಡೆಗಳನ್ನು ತೊಳೆಯಲು, ಸುಣ್ಣದ ಹಿಟ್ಟು ಕಲಸಿ ಹಲ್ಲಿನ ಅಚ್ಚು ತೆಗೆಯಲು ಅವರಿಗೊಬ್ಬ ಆಳು ಬೇಕಿತ್ತು. ಎಲುಬು ಮುಟ್ಟುವ ಕೆಲಸಕ್ಕೆ ಯಾವ ಕೇರಿಯಲ್ಲಿ ಜನ ಕೇಳಬೇಕೆಂದು ಎಲ್ಲರಿಗೂ ಗೊತ್ತಿತ್ತು. ನಾಲ್ಕನೇ ಇಯತ್ತೆಯಲ್ಲಿ ಹೊರಗಿನ ಮೆಟ್ಟಿಲ ಮೇಲೆ ಕೂರಿಸಿದ್ದಕ್ಕೆ ಪಾಟಿ ಒಡೆದು ಶಾಲೆ ಬಿಟ್ಟಿದ್ದ ಮಾಪಣ್ಣ ಇಲ್ಲಿ ಮೊದಲ ಸಲ ಕೋಣೆಯೊಳಗೆ ಕೂತು ಕಲಿತ. ಸಾಹೇಬರು ದವಡೆಯನ್ನು ಅವನ ಅಂಗೈಯಲ್ಲೇ ಇಟ್ಟು ಹೇಳಿಕೊಡುತ್ತಿದ್ದರು.

"ದೇಖೋ ಮಾಪಣ್ಣ. ಮುಸುವಕ್ಕೂ ಮೂವತ್ತೆರಡ, ನಮಗೂ ಮೂವತ್ತೆರಡ. ಎಣಿಸಿದ್ರ ಗೊತ್ತಾಗಂಗಿಲ್ಲ. ಅದರ ಕೋರೆ ನೋಡು, ಚೂರಿ ಇದ್ದಂಗ ಅದ. ದವಡಿ ಹಲ್ಲಿನ ಮ್ಯಾಲ ಎರಡು ಅಡ್ಡ ಬದು. ನಮ್ಮದು ಹಂಗಲ್ಲ, ಗುಡ್ಡ ಗುಡ್ಡ."

ಹಳ್ಳಿಗಳಿಗೂ ಅವರಿಬ್ಬರೇ ಹೋಗುತ್ತಿದ್ದರು. ಮಹಾಗಾಂವದಲ್ಲಿ ಪುತಳಾಬಾಯಿ ಎಂಬ ಹೆಂಗಸು ಬಾಯಿ ತೆರೆಯುವ ಮೊದಲು ಸೊಂಟದ ಮೇಲೆ ಕೈಯಿಟ್ಟು ನಿಂತಳು. "ಹಲ್ಲು ನೋಡ್ತೀರಲ್ರಿ, ಕುದರಿ ಖರೀದಿಗೆ ಬಂದೀರೇನು?"

"ಕುದರಿ ಅಲ್ಲವ್ವಾ, ಮಂಗ್ಯಾನ ಹಲ್ಲಿಗೆ ಹೋಲಸಿ ನೋಡಾಕ," ಎಂದರು ಸಾಹೇಬರು.

"ಹಂಗಾದ್ರ ಮೊದಲ ನಮ್ಮನಿಯವನ ಬಾಯಿ ನೋಡ್ರಿ. ನಿಮ್ಮ ಕೆಲಸ ಒಂದೇ ದಿನಕ್ಕ ಮುಗೀತದ!"

ಓಣಿಯೆಲ್ಲ ನಕ್ಕಿತು. ಮಾಪಣ್ಣ ನಗಲಿಲ್ಲ. ಮಂಗನ ಹಲ್ಲಿಗೂ ಕಾಗದದಲ್ಲಿ ಜಾಗವಿದೆ, ನನ್ನ ಅಣ್ಣನಿಗೆ ಇಲ್ಲ ಎಂದು ಅವನ ಒಳಗು ಕುದಿಯುತ್ತಿತ್ತು. ಹಾಗೆ ಕುದಿಯುತ್ತಿದ್ದಾಗಲೇ ಆ ಯೋಚನೆ ಹುಟ್ಟಿತು.

ದೇವಿಂದ್ರಪ್ಪನ ಬಾಯಿಗೆ ಒಂದು ಗುರುತಿತ್ತು. ಕಾಣೆಯಾಗುವ ಎರಡು ವರ್ಷ ಮೊದಲು ಕೆಳಗಿನ ಎಡದವಡೆಯ ಹಲ್ಲು ಹುಳುಕಾಗಿ, ಕಮ್ಮಾರ ಹುಸೇನ ಇಕ್ಕಳ ಹಾಕಿ ಕಿತ್ತಿದ್ದ. ಅಣ್ಣನ ತೋಳು ಹಿಡಿದುಕೊಂಡವನೇ ಮಾಪಣ್ಣ. ಆ ದಿನದ ಕೂಗು ಇಡೀ ಕೇರಿಗೆ ನೆನಪಿತ್ತು.

ಸಾಹೇಬರ ಪೆಟ್ಟಿಗೆಯ ದವಡೆಗಳಿಗೆಲ್ಲ ನಂಬರಿತ್ತು. ಅವನ್ನು ಮಾಪಣ್ಣ ಮುಟ್ಟಲಿಲ್ಲ. ಹೊಳೆಯ ದಂಡೆ ಕುಸಿದಾಗ ಹೊರಬಿದ್ದ ಹಳೆಯ ಗೋರಿಗಳ ಎಲುಬು ಮೂಲೆಯ ಗೋಣಿಚೀಲದಲ್ಲಿದ್ದವು. ಅವಕ್ಕೆ ನಂಬರೂ ಇಲ್ಲ, ಪಟ್ಟಿಯೂ ಇಲ್ಲ. ಹದಿನೈದು ದಿನ ಆ ಚೀಲವನ್ನು ತೊಳೆಯುವ ನೆವದಲ್ಲಿ ಹುಡುಕಿದ. ಗಂಡಸಿನದಾಗಿರಬೇಕು. ಕೊನೆಯ ಹಲ್ಲು ಹೊಸದಾಗಿ ಮೂಡಿರಬೇಕು, ಅಣ್ಣನಿಗೆ ಆಗ ಇಪ್ಪತ್ತೈದು. ಬೀಸುಕಲ್ಲಿನ ಹಿಟ್ಟು ತಿಂದು ಹಲ್ಲಿನ ತುದಿ ಸ್ವಲ್ಪ ಸವೆದಿರಬೇಕು. ಸಾಹೇಬರು ಏನೇನು ನೋಡುತ್ತಾರೋ ಅದನ್ನೆಲ್ಲ ಅವರ ಕಣ್ಣಿನಿಂದಲೇ ನೋಡಿದ. ಕೊನೆಗೆ ಒಂದು ಸಿಕ್ಕಿತು. ಎಡಗಡೆಯ ಹಲ್ಲನ್ನು ಇಕ್ಕಳದಿಂದ ಎಳೆದ. ಒಂದೇ ಎಳೆತಕ್ಕೆ ಬಂತು, ಬೇರಿನ ಸಮೇತ. ಅದನ್ನು ಕೆರೆಗೆ ಎಸೆದ. ದವಡೆಯನ್ನು ಕಪ್ಪು ಮಣ್ಣಿನ ರಾಡಿಯಲ್ಲಿ ಎಂಟು ದಿನ ಹೂತಿಟ್ಟು ತೆಗೆದಾಗ ಹಲ್ಲು ಕಿತ್ತ ಗುಂಡಿಯೂ ಉಳಿದ ಎಲುಬೂ ಒಂದೇ ಬಣ್ಣಕ್ಕೆ ಬಂದಿತ್ತು.

ಯಾವ ತಾಯಿಯ ಮಗನೋ ಏನೋ. ಮಾಪಣ್ಣ ಅದನ್ನು ರೊಟ್ಟಿ ಗಂಟಿನಲ್ಲಿ ಕಟ್ಟುವಾಗ ಮೆಲ್ಲಗೆ ಹೇಳಿದ. "ಯಣ್ಣಾ, ಇದೊಂದು ಕೆಲಸ ಮಾಡಿಕೊಡು."

ಪಾಟೀಲನ ವಾಡೆಯ ಹಿಂದೆ ಜೋಳ ತುಂಬಿಡುವ ಹಳೆಯ ಹಗೇವು ಇತ್ತು. ನೆಲದೊಳಗಿನ ಆ ಕಣಜವನ್ನು ಗಡಿಬಿಡಿಯ ವರ್ಷದಿಂದ ತೆರೆದಿರಲಿಲ್ಲ. ಈ ಸಲ ಜೋಳ ಚೆನ್ನಾಗಿ ಬಂದಿತ್ತು, ಪಾಟೀಲ ಅದನ್ನು ಸ್ವಚ್ಛ ಮಾಡಿಸಲು ಕೇರಿಯಿಂದ ಜನ ಕರೆಸಿದ. ಹಗೇವಿನ ಬಾಯಿ ಇಕ್ಕಟ್ಟು, ಒಮ್ಮೆಗೆ ಒಬ್ಬನೇ ಇಳಿಯಬೇಕು. ಅವ್ವನಿಗೆ ಜ್ವರವೆಂದು ರಜೆ ಪಡೆದು ಬಂದಿದ್ದ ಮಾಪಣ್ಣ ಮೊದಲ ದಿನ ಉಳಿದವರ ಜೊತೆ ಸರದಿಯಂತೆ ಇಳಿದ. ಒಂದು ಗೇಣು ಆಳದಲ್ಲಿ ದವಡೆ ಹೂತು, ಮಣ್ಣು ತುಳಿದು, ಮೂರು ಬುಟ್ಟಿ ಕಸ ಮೇಲೆ ಕಳಿಸಿ ಹತ್ತಿ ಬಂದ. ಎರಡನೆಯ ದಿನ ಅವನು ಕಲಬುರಗಿಯಲ್ಲಿ ಸಾಹೇಬರ ಎದುರಿಗೇ ಕೂತು ಹಿಟ್ಟು ಕಲಸುತ್ತಿದ್ದ. ಅಂದು ಮಧ್ಯಾಹ್ನ ಕಮಲಾಪುರದಲ್ಲಿ ತುಕಾರಾಮನ ಸಲಿಕೆಗೆ ದವಡೆ ಸಿಕ್ಕಿತು.

ಮುಂದಿನದೆಲ್ಲ ಅವನು ಬರೆದಿಟ್ಟ ಹಾಗೆಯೇ ನಡೆಯಿತು. ತುಕಾರಾಮ ಕೂಗಿದ, ಕೇರಿ ನೆರೆಯಿತು, ಹುಸೇನ ಬಂದು ಎಡದವಡೆ ನೋಡಿ ತಲೆ ಮೇಲೆ ಕೈಹೊತ್ತು ಕೂತ. ಮಾನಮ್ಮ ಆ ದವಡೆಯನ್ನು ಸೆರಗಿನಲ್ಲಿ ಸುತ್ತಿ ಎದೆಗವಚಿಕೊಂಡಳಂತೆ. ಮೂರು ವರ್ಷ ಅಳದಿದ್ದವಳು ಅಂದು ಅತ್ತಳಂತೆ. ಸುದ್ದಿ ಕೇಳಿ ಮಾಪಣ್ಣ ಹಿಟ್ಟು ಕಲಸುವುದನ್ನು ನಿಲ್ಲಿಸಿದ. ಪಾಟೀಲನ ಕೈಗೆ ಹಗ್ಗ ಬಿದ್ದಿದೆ ಎಂದು ತಿಳಿದ ಮೇಲೆ ಮತ್ತೆ ಕಲಸತೊಡಗಿದ.

ಪಾಟೀಲ ಏನು ಹೇಳುತ್ತಾನೆಂಬುದನ್ನೂ ಅವನು ಮೊದಲೇ ಎಣಿಸಿದ್ದ. "ಅದು ಮಂಗ್ಯಾಂದು ರೀ ಸಾಹೇಬ್ರ! ನನ್ನ ಹಿತ್ತಲದಾಗ ದಿನಾ ಮಂಗ್ಯಾ ಬರ್ತಾವ. ಯಾವುದೋ ಒಂದು ಬಿದ್ದು ಸತ್ತದ!"

"ಹಂಗಾದ್ರ ಮಂಗ್ಯಾನ ಹಲ್ಲು ತಿಳಿದವರನ್ನೇ ಕರಸ್ತೀನಿ," ಎಂದ ಅಮೀನ.

ಇದೇ ಬೇಕಾಗಿತ್ತು. ಇಡೀ ಜಿಲ್ಲೆಯಲ್ಲಿ ಅಂಥವರು ಒಬ್ಬರೇ. ಮರುದಿನ ವಹಾಬ್ ಸಾಹೇಬರು ಮೋಟಾರಿನಲ್ಲಿ ಕಮಲಾಪುರಕ್ಕೆ ಬಂದಾಗ ಅವರ ಪೆಟ್ಟಿಗೆ ಹೊತ್ತವನು ಮಾಪಣ್ಣ.

ಚಾವಡಿಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಅಮೀನನ ಮೇಜಿನ ಒಂದು ಬದಿಗೆ ಹಗ್ಗ ಕಟ್ಟಿದ ಪಾಟೀಲ, ಇನ್ನೊಂದು ಬದಿಗೆ ನೆಲದ ಮೇಲೆ ಮಾನಮ್ಮ. ಸಾಹೇಬರು ಅವಳ ಸೆರಗಿನಿಂದ ದವಡೆಯನ್ನು ಎರಡೂ ಕೈಯಲ್ಲಿ ತೆಗೆದುಕೊಂಡರು, ಬೆಳಕಿಗೆ ಹಿಡಿದರು.

"ಮಂಗ್ಯಾಂದಲ್ಲ. ಮನಷ್ಯಾಂದು," ಎಂದರು. ಪಾಟೀಲನ ಮುಖ ಬೂದಿಯಾಯಿತು.

"ಗಂಡಸು." ಒಂದು, ಎಂದು ಮಾಪಣ್ಣ ಮನಸ್ಸಿನಲ್ಲೇ ಎಣಿಸಿದ.

"ಇಪ್ಪತ್ತೈದರ ಆಜೂಬಾಜೂ." ಎರಡು.

"ಬೀಸುಕಲ್ಲಿನ ಹಿಟ್ಟು ತಿಂದಾಂವ. ನಮ್ಮ ಕಡಿಯಾಂವನ." ಮೂರು.

ಬಂದ ಜನ ಉಸಿರು ಬಿಟ್ಟರು. ಯಾರೋ ಪಾಟೀಲನಿಗೆ ಉಗಿದರು. ಅಮೀನ ಲೇಖಣಿಗೆ ಶಾಯಿ ಹಚ್ಚಿದ. ಮಾಪಣ್ಣನಿಗೆ ಮೂರು ವರ್ಷದಲ್ಲಿ ಮೊದಲ ಸಲ ಕಾಲು ನೆಲಕ್ಕೆ ಊರಿದಂತಾಯಿತು.

ಅಷ್ಟರಲ್ಲಿ ಸಾಹೇಬರ ಹೆಬ್ಬೆರಳು ಎಡದವಡೆಯ ಖಾಲಿ ಜಾಗಕ್ಕೆ ಬಂದು ನಿಂತಿತು. ಅವರು ಉಗುರನ್ನು ಒಳಗಿಳಿಸಿದರು, ತೆಗೆದರು, ಮತ್ತೆ ಇಳಿಸಿದರು. "ಈ ಹಲ್ಲು ಯಾವಾಗ ಕಿತ್ತಿದ್ದು?" ಎಂದು ಕೇಳಿದರು. "ಅವ ಕಾಣಿ ಆಗೂದಕ್ಕ ಎರಡು ವರ್ಷ ಮುಂಚೆ ರೀ, ನಾನಽ ಕಿತ್ತೀನಿ," ಎಂದ ಹುಸೇನ. ಸಾಹೇಬರು ದವಡೆಯನ್ನು ಮೇಜಿನ ಮೇಲಿಟ್ಟರು. "ಜೀವ ಇದ್ದಾಗ ಕಿತ್ತ ಹಲ್ಲಿನ ಗುಂಡಿ ಹಿಂಗ ತೆರಕೊಂಡು ಕೂಡಂಗಿಲ್ಲ ಅಮೀನ ಸಾಹೇಬ್ರ. ವರ್ಷ ತುಂಬೂದ್ರಾಗ ಎಲುಬು ಬೆಳದು ಮುಚ್ಚತದ. ಇದು ಸತ್ತಮ್ಯಾಲ ಕಿತ್ತಿದ್ದು." ಹಲ್ಲು ಬಿದ್ದವರನ್ನು ಸಾಹೇಬರು ಅಚ್ಚು ತೆಗೆಯದೆ ವಾಪಸು ಕಳಿಸುತ್ತಿದ್ದರು, ಹಾಗಾಗಿ ಆ ಪಾಠವೊಂದು ಮಾಪಣ್ಣನಿಗೆ ಬಂದಿರಲೇ ಇಲ್ಲ. ಈಗ ಅವರು ಪಾಟೀಲನ ಕಡೆ ನೋಡಲಿಲ್ಲ, ತಮ್ಮ ಪೆಟ್ಟಿಗೆ ಹೊತ್ತು ನಿಂತವನ ಕಡೆ ನೋಡಿದರು. ಅವರ ಕಣ್ಣಿನ ಹಿಂದೆಯೇ ಅಮೀನನ ಕಣ್ಣೂ ಬಂತು, ಆಮೇಲೆ ಪಾಟೀಲನ ಕೈಯಿಂದ ಬಿಚ್ಚಿದ ಹಗ್ಗವೂ ಬಂತು. ಮಾನಮ್ಮ ಸಾಹೇಬರ ಕಾಲು ಹಿಡಿದು ಕೇಳಿದಳು. "ಅಂದ್ರ ಇವ ನನ್ನ ದೇವಿಂದ್ರ ಅಲ್ಲೇನ್ರೀ ಯಪ್ಪಾ?" "ಅಲ್ಲವ್ವಾ." "ಹಂಗಾದ್ರ ನನ್ನ ಮಗ ಸತ್ತಿಲ್ಲ!" ಎಂದು ಅವಳು ಚಾವಡಿ ತುಂಬ ನಕ್ಕಳು, ಬಾಯಿ ಅಗಲ ತೆರೆದು. ಎಂದೋ ಹಲ್ಲೆಲ್ಲ ಉದುರಿಹೋದ ಆ ಬಾಯಿಯ ವಸಡು ಈ ತುದಿಯಿಂದ ಆ ತುದಿಯವರೆಗೆ ನುಣ್ಣಗಿತ್ತು, ಒಂದೇ ಒಂದು ಗುಂಡಿಯೂ ಇರಲಿಲ್ಲ. ಹುಟ್ಟಿದಾಗಿನಿಂದ ಆ ಮುಖ ನೋಡುತ್ತ ಬಂದಿದ್ದ ಮಾಪಣ್ಣ ಅದನ್ನು ಇವತ್ತೇ ನೋಡಿದ.